ಹದಿನಾರು ಪ್ರಶಸ್ತಿ ಗೆದ್ದ ತಂಡ ಎರಡು ಬಾರಿ ಬಾಗಿಲು ಹಾಕಿದ್ದೇಕೆ?

ಪ್ರಶ್ನೆ: ಅಮೆರಿಕದ ಸ್ಯಾನ್ ಡಿಯೇಗೊದಲ್ಲಿರುವ ಮಗಳ ಮನೆಗೆ ಹೋಗಿದ್ದಾಗ ಅಳಿಯ ನನ್ನನ್ನು ಓಷನ್‌ಸೈಡ್ ಎಂಬ ಊರಿಗೆ ಫುಟ್‌ಬಾಲ್ ಪಂದ್ಯ ತೋರಿಸಲು ಕರೆದೊಯ್ದ. ಅದು ಒಳಾಂಗಣ. ಮೈದಾನದ ಸುತ್ತ ಗೋಡೆ, ಗೋಡೆಯ ಮೇಲೆ ಗಾಜು. ಚೆಂಡು ಹೊರಗೆ ಹೋಗುವುದೇ ಅಪರೂಪ. ಸ್ಯಾನ್ ಡಿಯೇಗೊ ಸಾಕರ್ಸ್ ಎಂಬ ಆ ತಂಡ ಹದಿನಾರು ಪ್ರಶಸ್ತಿ ಗೆದ್ದಿದೆಯಂತೆ, ಆದರೂ ನಡುವೆ ಎರಡು ಸಲ ಮುಚ್ಚಿಹೋಗಿತ್ತಂತೆ. ನಾನು ಬೆಂಗಳೂರಿನಲ್ಲಿ ಹುಡುಗನಾಗಿದ್ದಾಗ ಫುಟ್‌ಬಾಲ್ ಆಡಿದವನು. ನಾನು ನೋಡಿದ್ದು ಫುಟ್ಸಾಲ್ ತಾನೆ? ಅಷ್ಟೊಂದು ಗೆದ್ದ ತಂಡ ಮುಚ್ಚುವುದೆಂದರೇನು? ಮುಂದಿನ ಸಲ ಹೋದಾಗ ಏನನ್ನು ಗಮನಿಸಬೇಕು?

ಉತ್ತರ: ಸಣ್ಣ ಪ್ರಶ್ನೆಯನ್ನು ಮೊದಲು ಮುಗಿಸಿಬಿಡೋಣ. ನೀವು ನೋಡಿದ್ದು ಫುಟ್ಸಾಲ್ ಅಲ್ಲ. ಫುಟ್ಸಾಲ್ ದಕ್ಷಿಣ ಅಮೆರಿಕದ ಕೂಸು. 1930ರಲ್ಲಿ ಉರುಗ್ವೆಯ ಮಾಂಟೆವಿಡಿಯೊದಲ್ಲಿ ಹುವಾನ್ ಕಾರ್ಲೋಸ್ ಸೆರಿಯಾನಿ ಎಂಬ ಶಿಕ್ಷಕರು ಅದಕ್ಕೆ ರೂಪ ಕೊಟ್ಟರು. ಅಲ್ಲಿ ಗೋಡೆ ಇಲ್ಲ, ಗೆರೆ ಇದೆ. ಪುಟಿಯದ ಭಾರದ ಚೆಂಡು, ತಂಡಕ್ಕೆ ಐವರು. ಓಷನ್‌ಸೈಡ್‌ನಲ್ಲಿ ನೀವು ಕಂಡದ್ದು ಅಮೆರಿಕದವರು ಐಸ್ ಹಾಕಿಯ ಅಂಗಳಕ್ಕೆ ಫುಟ್‌ಬಾಲನ್ನು ತಂದು ಕೂರಿಸಿದ ಆಟ. ಸುಮಾರು 200 ಅಡಿ ಉದ್ದ, 85 ಅಡಿ ಅಗಲದ ಹಾಕಿ ಅಂಗಳ. ಮಂಜುಗಡ್ಡೆಯ ಮೇಲೆ ಹಲಗೆ ಹಾಸಿ, ಅದರ ಮೇಲೆ ಹಸಿರು ಕಾರ್ಪೆಟ್. ಗೋಲ್‌ಕೀಪರ್ ಸೇರಿ ಆರು ಜನ. ಹದಿನೈದು ನಿಮಿಷದ ನಾಲ್ಕು ಭಾಗ. ತಪ್ಪು ಮಾಡಿದವನಿಗೆ ನೀಲಿ ಕಾರ್ಡ್ ತೋರಿಸಿ ಎರಡು ನಿಮಿಷ ಹೊರಗೆ ಕೂರಿಸುತ್ತಾರೆ, ಅಷ್ಟು ಹೊತ್ತು ತಂಡ ಒಬ್ಬ ಕಡಿಮೆಯಾಗಿ ಆಡಬೇಕು. ಇದೂ ಹಾಕಿಯಿಂದ ಬಂದದ್ದೇ.

ಆದರೆ ಆಟದ ಜೀವ ಇರುವುದು ಗೋಡೆಯಲ್ಲಿ. ನಮ್ಮ ಮನೆಗಳಲ್ಲಿ ಕೇರಂ ಆಡಿದವರಿಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ. ಎದುರಿಗೆ ಅಡ್ಡ ಇರುವ ಕಾಯಿಯನ್ನು ಬಿಟ್ಟು, ಸ್ಟ್ರೈಕರನ್ನು ಪಕ್ಕದ ಪಟ್ಟಿಗೆ ಹೊಡೆದು ಕೋನದಲ್ಲಿ ತಿರುಗಿಸಿ ತರುತ್ತೇವಲ್ಲ, ಅದೇ ಲೆಕ್ಕ. ಎದುರಾಳಿ ಅಡ್ಡ ನಿಂತಿದ್ದಾನೆಯೇ? ಗೋಡೆಗೆ ಹೊಡೆ, ಅವನ ಬೆನ್ನ ಹಿಂದೆ ಚೆಂಡನ್ನು ನೀನೇ ತೆಗೆದುಕೊ. ಗೋಡೆ ಹನ್ನೆರಡು ಜನರ ನಡುವಿನ ಹದಿಮೂರನೆಯ ಆಟಗಾರ, ಯಾರ ಪಕ್ಷವೂ ಅಲ್ಲದವನು. ಬೆಂಗಳೂರಿನ ಮಹಡಿಗಳ ಮೇಲೆ ಬಲೆ ಕಟ್ಟಿರುವ ಟರ್ಫ್‌ಗಳಲ್ಲಿ ಈ ಲೆಕ್ಕ ನಡೆಯುವುದಿಲ್ಲ. ಬಲೆಗೆ ಬಿದ್ದ ಚೆಂಡು ಅಲ್ಲೇ ಸಾಯುತ್ತದೆ, ಗೋಡೆಗೆ ಬಿದ್ದದ್ದು ಬಂದ ವೇಗದಲ್ಲೇ ಮರಳುತ್ತದೆ. ಈ ಆಟವನ್ನು ‘ಮನುಷ್ಯರ ಪಿನ್‌ಬಾಲ್’ (ಪಿನ್‌ಬಾಲ್ ಎಂದರೆ ಗುಂಡು ಅಡೆತಡೆಗಳಿಗೆ ಬಡಿದು ಪುಟಿಯುತ್ತ ಓಡುವ ಯಂತ್ರದಾಟ) ಎಂದು ಹೀಯಾಳಿಸಿದವರಿದ್ದಾರೆ. ಅದರಲ್ಲಿ ಅರ್ಧ ಸತ್ಯವಿದೆ. ಉಳಿದರ್ಧ ಕಾಣಬೇಕಾದರೆ ಸಾಕರ್ಸ್ ತಂಡದ ಕಥೆ ಕೇಳಬೇಕು.

1974ರ ಚಳಿಗಾಲದಲ್ಲಿ ಮಾಸ್ಕೊದ ಕೆಂಪು ಸೇನೆಯ ತಂಡ ಅಮೆರಿಕಕ್ಕೆ ಬಂದು ಫಿಲಡೆಲ್ಫಿಯಾದ ಸ್ಪೆಕ್ಟ್ರಮ್ ಒಳಾಂಗಣದಲ್ಲಿ ಅಲ್ಲಿನ ಆಟಮ್ಸ್ ತಂಡದೊಂದಿಗೆ ಆಡಿತು. ಸೋವಿಯತ್‌ನವರು 6–3ರಿಂದ ಗೆದ್ದರು. ಫಲಿತಾಂಶಕ್ಕಿಂತ ದೊಡ್ಡ ಸುದ್ದಿ ಆಸನಗಳಲ್ಲಿತ್ತು: ಫುಟ್‌ಬಾಲ್ ಎಂದರೆ ಮೂಗು ಮುರಿಯುತ್ತಿದ್ದ ನಾಡಿನಲ್ಲಿ, ಕೊರೆಯುವ ಚಳಿಯಲ್ಲಿ, ಹನ್ನೊಂದು ಸಾವಿರಕ್ಕೂ ಹೆಚ್ಚು ಜನ ಟಿಕೆಟ್ ಕೊಂಡು ಬಂದಿದ್ದರು. ಹಾಕಿ, ಬ್ಯಾಸ್ಕೆಟ್‌ಬಾಲ್ ಇಲ್ಲದ ರಾತ್ರಿಗಳಲ್ಲಿ ಖಾಲಿ ಬಿದ್ದಿರುತ್ತಿದ್ದ ಕಟ್ಟಡಗಳ ಒಡೆಯರಿಗೆ ಇಷ್ಟು ಸಾಕಾಯಿತು. ಅರ್ಲ್ ಫೋರ್‌ಮನ್ ಮತ್ತು ಎಡ್ ಟೆಪ್ಪರ್ ಕಟ್ಟಿದ ‘ಮೇಜರ್ ಇಂಡೋರ್ ಸಾಕರ್ ಲೀಗ್’ 1978ರಲ್ಲಿ ಶುರುವಾಯಿತು. ಆ ವರ್ಷದ ಡಿಸೆಂಬರ್ 22ರಂದು ನ್ಯೂಯಾರ್ಕ್ ಬಳಿ ಮೊದಲ ಪಂದ್ಯ. ಚೆಂಡನ್ನು ಮೊದಲು ಒದ್ದವರು ಬೇಸ್‌ಬಾಲ್ ತಾರೆ ಪೀಟ್ ರೋಸ್. ಸಿನ್ಸಿನಾಟಿ ತಂಡದಲ್ಲಿ ಅವರಿಗೆ ಪಾಲಿತ್ತು, ಅಷ್ಟೇ ನಂಟು. ಆ ದಿನ ನ್ಯೂಯಾರ್ಕ್ ಆರೋಸ್ 7–2ರಿಂದ ಗೆದ್ದಿತು. ಮುಂದೆ ಲೀಗ್‌ನ ಮೊದಲ ನಾಲ್ಕೂ ಪ್ರಶಸ್ತಿ ಅದರದೇ. 1984ರಲ್ಲಿ ಅದೇ ಆರೋಸ್ ಮುಚ್ಚಿತು. ಈ ಒಂದು ಸಂಗತಿ ನೆನಪಿರಲಿ, ನಿಮ್ಮ ದೊಡ್ಡ ಪ್ರಶ್ನೆಗೆ ಉತ್ತರ ಇಲ್ಲಿಂದಲೇ ಶುರು.

ಸಾಕರ್ಸ್ ಹುಟ್ಟಿದ್ದು ಒಳಾಂಗಣಕ್ಕಾಗಿ ಅಲ್ಲ, ಸ್ಯಾನ್ ಡಿಯೇಗೊದಲ್ಲೂ ಅಲ್ಲ. 1974ರಲ್ಲಿ ಬಾಲ್ಟಿಮೋರ್ ಕಾಮೆಟ್ಸ್ ಎಂಬ ಬಯಲು ತಂಡವಾಗಿ ಆರಂಭ. 1976ರಲ್ಲಿ ಸ್ಯಾನ್ ಡಿಯೇಗೊಗೆ ಬಂದು ‘ಜಾಸ್’ ಆಯಿತು. ಮರುವರ್ಷ ಲಾಸ್ ವೇಗಸ್‌ಗೆ ಹೋಗಿ ‘ಕ್ವಿಕ್‌ಸಿಲ್ವರ್ಸ್’ ಆಯಿತು. ಪೋರ್ಚುಗಲ್‌ನ ಮಹಾನ್ ಆಟಗಾರ ಯುಸೇಬಿಯೊ ತಮ್ಮ ಆಟದ ಬದುಕಿನ ಸಂಜೆಗಾಲದಲ್ಲಿ ಅಲ್ಲಿಯೂ ಆಡಿದರು. 1978ರಲ್ಲಿ ಮರಳಿ ಸ್ಯಾನ್ ಡಿಯೇಗೊ, ಹೆಸರು ಸಾಕರ್ಸ್. ಐದು ವರ್ಷದಲ್ಲಿ ಮೂರು ಊರು, ನಾಲ್ಕು ಹೆಸರು. ಬಾಡಿಗೆ ಮನೆ ಬದಲಿಸುವ ಗುಮಾಸ್ತನೂ ಇಷ್ಟು ಅಲೆಯುವುದಿಲ್ಲ.

ಆಗ ತಂಡ ಪೆಲೆ ಆಡಿ ಹೋಗಿದ್ದ ನಾರ್ತ್ ಅಮೆರಿಕನ್ ಸಾಕರ್ ಲೀಗ್‌ನಲ್ಲಿತ್ತು. 1980ರಲ್ಲಿ ಮಾಲೀಕ ಬಾಬ್ ಬೆಲ್ ಇಂಗ್ಲೆಂಡ್ ಮೂಲದ ರಾನ್ ನ್ಯೂಮನ್ ಅವರನ್ನು ಕೋಚ್ ಆಗಿ ಕರೆತಂದರು. ಅದೇ ಚಳಿಗಾಲದಲ್ಲಿ ತಂಡ ಒಳಾಂಗಣಕ್ಕೂ ಕಾಲಿಟ್ಟಿತು. ಮುಂದಿನದನ್ನು ಅಂಕಿಗಳಲ್ಲೇ ಹೇಳುವುದು ಒಳ್ಳೆಯದು, ವಿಶೇಷಣ ಸೇರಿಸಿದರೆ ಉತ್ಪ್ರೇಕ್ಷೆಯಂತೆ ಕೇಳುತ್ತದೆ. 1982ರಿಂದ 1986ರವರೆಗೆ ಐದು ಋತುವಿನಲ್ಲಿ ಐದು ಒಳಾಂಗಣ ಪ್ರಶಸ್ತಿ. ಅವು ಎರಡು ಬೇರೆ ಬೇರೆ ಲೀಗ್‌ಗಳಲ್ಲಿ ಬಂದವು, ಏಕೆಂದರೆ ನಡುವೆ ತಂಡ ಒಂದರಿಂದ ಇನ್ನೊಂದಕ್ಕೆ ಹೋಗಿ, ಮರಳಿ, ಮತ್ತೆ ಹೋಯಿತು. ಎಲ್ಲಿ ಹೋದರೂ ಗೆದ್ದಿತು. 1987ರಲ್ಲಿ ಒಮ್ಮೆ ತಪ್ಪಿತು. 1988ರಿಂದ 1992ರವರೆಗೆ ಮತ್ತೆ ಐದಕ್ಕೆ ಐದು. ಹನ್ನೊಂದು ವರ್ಷದಲ್ಲಿ ಹತ್ತು. ಹತ್ತೂ ಬಾರಿ ಕೋಚ್ ನ್ಯೂಮನ್ ಅವರೇ.

ಹೇಗೆ ಸಾಧ್ಯವಾಯಿತು? ನನ್ನ ಉತ್ತರ ಇಷ್ಟೇ: ಬಯಲಿನ ದಾರಿ ಮುಚ್ಚಿಹೋದವರನ್ನು ನ್ಯೂಮನ್ ಒಂದು ಕೋಣೆಯಲ್ಲಿ ಸೇರಿಸಿದರು, ಮತ್ತು ಆ ಕೋಣೆಯ ಅಳತೆ ಅವರ ಕಾಲುಗಳಿಗೆ ಸರಿಹೊಂದಿತು.

ಸ್ಟೀವ್ ಝುಂಗುಲ್ ಅವರನ್ನು ನೋಡಿ. ಯುಗೋಸ್ಲಾವಿಯಾದ ಹೈದುಕ್ ಸ್ಪ್ಲಿಟ್ ತಂಡದ ಮುಂಚೂಣಿ ಆಟಗಾರ, ನಿಜನಾಮ ಸ್ಲಾವಿಶಾ. ಕಡ್ಡಾಯ ಸೇನಾಸೇವೆಯ ಕರೆ ಎದುರಿಗಿದ್ದಾಗ 1978ರ ಕೊನೆಗೆ ಅಮೆರಿಕಕ್ಕೆ ಬಂದವರು ಮರಳಿ ಹೋಗಲೇ ಇಲ್ಲ. ಬಯಲಿನಲ್ಲಿ ಆಡದಂತೆ ಫಿಫಾ ನಿಷೇಧ ಹೇರಿತು. ಒಳಾಂಗಣ ಲೀಗ್ ಫಿಫಾದ ಹಂಗಿನಲ್ಲಿರಲಿಲ್ಲ. ಯೂರೋಪಿನ ದೊಡ್ಡ ಮೈದಾನಗಳಲ್ಲಿ ಓಡಬೇಕಾಗಿದ್ದ, ಇಪ್ಪತ್ತನಾಲ್ಕು ವಯಸ್ಸಿನ ಆ ಆಟಗಾರನಿಗೆ ಉಳಿದದ್ದು ಕಾರ್ಪೆಟ್ ಹಾಸಿದ ಹಾಕಿ ಅಂಗಳ ಮಾತ್ರ. ಅಲ್ಲಿ ಅವರು ಹೊಡೆದ ಗೋಲು 652. ಆರು ಬಾರಿ ಲೀಗ್‌ನ ಶ್ರೇಷ್ಠ ಆಟಗಾರ. ‘ಒಳಾಂಗಣಗಳ ಒಡೆಯ’ ಎಂದು ಪತ್ರಿಕೆಗಳು ಬಿರುದು ಕೊಟ್ಟವು. ನ್ಯೂಯಾರ್ಕ್ ಆರೋಸ್‌ನ ನಾಲ್ಕು ಪ್ರಶಸ್ತಿಗಳ ಹಿಂದೆ ಇದ್ದವರೂ ಅವರೇ. 1984ರಲ್ಲಿ ಸ್ಯಾನ್ ಡಿಯೇಗೊ ಸೇರಿದರು. ಹಳೆಯ ದೃಶ್ಯಗಳಲ್ಲಿ ಅವರನ್ನು ನೋಡಿದರೆ ಓಡುವುದೇ ಕಡಿಮೆ. ಗೋಲಿನ ಎದುರು ಸುಮ್ಮನೆ ನಿಂತಿರುತ್ತಾರೆ, ಚೆಂಡಿಗೆ ಬೆನ್ನು ಹಾಕಿ. ಚೆಂಡು ಗೋಲಿನ ಪಕ್ಕದ ಗೋಡೆಗೆ ಬಡಿದು ಎಲ್ಲಿಗೆ ಬರುತ್ತದೆ ಎಂಬುದು ಉಳಿದವರಿಗಿಂತ ಅರೆಗಳಿಗೆ ಮೊದಲೇ ಅವರಿಗೆ ತಿಳಿದಿರುತ್ತದೆ. ಪಾದ ಒಂದಿಷ್ಟು ತಿರುಗುತ್ತದೆ, ಅಷ್ಟೇ. ಗೋಲ್‌ಕೀಪರ್ ಹಿಂತಿರುಗಿ ಬಲೆಯಿಂದ ಚೆಂಡು ಎತ್ತಿಕೊಳ್ಳುತ್ತಾನೆ.

ಇನ್ನೊಬ್ಬರು ಕಾಜಿಮಿಯೆಜ್ ದೇಯ್ನಾ. ಈ ಹೆಸರು ಬರೆಯುವಾಗ ನನಗೆ ಈಗಲೂ ಸ್ವಲ್ಪ ಸಂಕಟವಾಗುತ್ತದೆ. 1972ರ ಮ್ಯೂನಿಕ್ ಒಲಿಂಪಿಕ್ಸ್‌ನಲ್ಲಿ ಪೋಲೆಂಡಿಗೆ ಚಿನ್ನ ತಂದುಕೊಟ್ಟವರು, ಅಲ್ಲಿ ಒಂಬತ್ತು ಗೋಲು ಹೊಡೆದವರು. 1974ರ ವಿಶ್ವಕಪ್‌ನಲ್ಲಿ ಮೂರನೆಯ ಸ್ಥಾನ ಪಡೆದ ತಂಡದ ನಾಯಕ. ಪೋಲೆಂಡಿನ ಆಳ್ವಿಕೆ ಅವರನ್ನು ಹೊರದೇಶಕ್ಕೆ ಬಿಟ್ಟದ್ದು ಮೂವತ್ತು ದಾಟಿದ ಮೇಲೆ. ಮ್ಯಾಂಚೆಸ್ಟರ್ ಸಿಟಿಯಲ್ಲಿ ಸ್ವಲ್ಪ ಕಾಲ ಆಡಿ 1981ರಲ್ಲಿ ಸ್ಯಾನ್ ಡಿಯೇಗೊಗೆ ಬಂದರು, 1987ರವರೆಗೆ ಆಡಿದರು. ಓಟ ಕುಂದಿತ್ತು, ಆದರೆ ಪಾದದ ಹೊರ ಅಂಚಿನಿಂದ ಚೆಂಡನ್ನು ಬಾಗಿಸುವ ಕಲೆ ಕುಂದಿರಲಿಲ್ಲ. ಬಯಲಿನಲ್ಲಿ ನಿಧಾನ ಎನಿಸಿಕೊಂಡವರಿಗೆ 85 ಅಡಿ ಅಗಲದ ಅಂಗಳದಲ್ಲಿ ಓಡಬೇಕಾಗಿಯೇ ಇರಲಿಲ್ಲ. 1989ರ ಸೆಪ್ಟೆಂಬರ್ 1ರ ನಸುಕಿನಲ್ಲಿ, ಸ್ಯಾನ್ ಡಿಯೇಗೊದ ಹೆದ್ದಾರಿಯ ಪಕ್ಕದಲ್ಲಿ ನಿಂತಿದ್ದ ಟ್ರಕ್ಕಿಗೆ ಅವರ ಕಾರು ಬಡಿಯಿತು. ಆಗ ಅವರಿಗೆ 41 ವರ್ಷ. 2012ರಲ್ಲಿ ಅವರ ಅಸ್ಥಿಯನ್ನು ವಾರ್ಸಾಗೆ ಒಯ್ದು ಸೈನಿಕ ಗೌರವದ ಸ್ಮಶಾನದಲ್ಲಿ ಇರಿಸಿದರು. ಅವರ ಹಳೆಯ ತಂಡ ಲೆಗಿಯಾದಲ್ಲಿ ಹತ್ತನೆಯ ಸಂಖ್ಯೆಯ ಅಂಗಿಯನ್ನು ಯಾರಿಗೂ ಕೊಡುವುದಿಲ್ಲ.

ಇವರ ಜೊತೆ ಹಂಗೇರಿಯಲ್ಲಿ ಹುಟ್ಟಿದ ಜೂಲಿ ವೀ: ಚಿತ್ರ ಬರೆಯುವವರು, ಮೈದಾನದಲ್ಲೂ ಕಲಾವಿದನ ಸಿಡುಕು. ಯುಗೋಸ್ಲಾವಿಯಾದಲ್ಲಿ ಹುಟ್ಟಿ ಕೆನಡಾದವರಾದ ಬ್ರ್ಯಾಂಕೊ ಸೆಗೊಟಾ. ಬೆಲ್‌ಫಾಸ್ಟ್‌ನ ಬ್ರಿಯಾನ್ ಕ್ವಿನ್. ಅವರು ಮುಂದೆ ಅಮೆರಿಕದ ಪೌರರಾಗಿ ಆ ದೇಶದ ಅಂಗಿ ತೊಟ್ಟರು. ಇರಾಕ್‌ನ ವಾಡ್ ಹಿರ್ಮಿಜ್, ಎಲ್ ಸಾಲ್ವಡಾರ್‌ನಲ್ಲಿ ಹುಟ್ಟಿದ ಹ್ಯೂಗೊ ಪೆರೆಜ್, ಹಂಗೇರಿಯ ಗೋಲ್‌ಕೀಪರ್ ಝೋಲ್ಟಾನ್ ಟೋತ್. ಇವರೆಲ್ಲರ ನಡುವೆ ಹಿಂದೆ ಬಂಡೆಯಂತೆ ನಿಂತವರು ಅಮೆರಿಕದ ಕೆವಿನ್ ಕ್ರೋ. ಎರಡು ನಿಮಿಷಕ್ಕೊಮ್ಮೆ ಇಡೀ ಗುಂಪು ಗೋಡೆ ಹಾರಿ ಬೆಂಚಿಗೆ ಬರುತ್ತದೆ, ಇನ್ನೊಂದು ಗುಂಪು ಹಾರಿ ಒಳಹೋಗುತ್ತದೆ, ಆಟ ನಿಲ್ಲುವುದೇ ಇಲ್ಲ. ಯಾವ ಗುಂಪಿನಲ್ಲಿ ಯಾರನ್ನು ಯಾರ ಪಕ್ಕ ಇಡಬೇಕು, ಯಾವಾಗ ಎಬ್ಬಿಸಬೇಕು: ನ್ಯೂಮನ್ ಅವರ ಕೆಲಸವೆಲ್ಲ ಅಲ್ಲಿತ್ತು. ಬಯಲಿನ ಕೋಚ್‌ಗಳಿಗೆ ಈ ಕಣ್ಣಳತೆ ಬೇಕಾಗುವುದಿಲ್ಲ, ಆದ್ದರಿಂದಲೇ ಅವರಲ್ಲಿ ಹಲವರು ಇಲ್ಲಿ ಬಂದು ಎಡವಿದರು.

1986ರ ಫೈನಲ್ ಸರಣಿ ಒಂದನ್ನು ಹೇಳಿ ಮುಂದಕ್ಕೆ ಹೋಗುತ್ತೇನೆ. ಏಳು ಪಂದ್ಯಗಳ ಸರಣಿ, ಎದುರಾಳಿ ಮಿನೆಸೊಟಾ ಸ್ಟ್ರೈಕರ್ಸ್. ಅವರ ಗೋಲ್‌ಕೀಪರ್ ಟಿನೊ ಲೆಟ್ಟಿಯೇರಿ ಗೋಲಿನ ಬಲೆಯ ಪಕ್ಕದಲ್ಲಿ ಗಿಳಿಯ ಗೊಂಬೆಯೊಂದನ್ನು ಇಟ್ಟುಕೊಂಡು ಆಡುತ್ತಿದ್ದರು, ಅದು ಅವರ ಶಕುನ. ಝುಂಗುಲ್ ಅವರನ್ನು ಸಾಕರ್ಸ್ ಆ ಋತುವಿನ ನಡುವೆಯೇ ಟಕೋಮಾ ತಂಡಕ್ಕೆ ಮಾರಿಬಿಟ್ಟಿತ್ತು. ಕಾರಣ ಹಣ, ಬೇರೇನಿಲ್ಲ. ನಾಲ್ಕು ಪಂದ್ಯ ಮುಗಿದಾಗ ಸ್ಯಾನ್ ಡಿಯೇಗೊ 1–3ರಿಂದ ಹಿಂದೆ. ಇನ್ನೊಂದು ಸೋತರೆ ಎಲ್ಲ ಮುಗಿಯಿತು. ಉಳಿದ ಮೂರನ್ನೂ ಗೆದ್ದರು. ಆ ಸರಣಿಯ ಶ್ರೇಷ್ಠ ಆಟಗಾರ ಕ್ವಿನ್. ಸೆಗೊಟಾ ಮತ್ತು ಗಿಳಿಯ ಲೆಟ್ಟಿಯೇರಿ ಇಬ್ಬರೂ ಕೆಲವೇ ದಿನಗಳಲ್ಲಿ ಒಂದೇ ತಂಡದವರಾಗಿ ಮೆಕ್ಸಿಕೊದಲ್ಲಿದ್ದರು, ಕೆನಡಾ ಪರವಾಗಿ ವಿಶ್ವಕಪ್‌ಗೆ. ಮರುವರ್ಷ ಝುಂಗುಲ್ ಅವರ ಟಕೋಮಾ ಫೈನಲ್ ತಲುಪಿತು. ಕೊನೆಯ ಪಂದ್ಯಕ್ಕೆ ಟಕೋಮಾ ಡೋಮ್‌ನಲ್ಲಿ ಸೇರಿದ ಜನ 21,728. ಗೆದ್ದದ್ದು ಮಾತ್ರ ಡಲ್ಲಾಸ್. 1988ರಲ್ಲಿ ಝುಂಗುಲ್ ಸ್ಯಾನ್ ಡಿಯೇಗೊಗೆ ಮರಳಿದರು.

ಈಗ ನಿಮ್ಮ ದೊಡ್ಡ ಪ್ರಶ್ನೆ. ಇಪ್ಪತ್ತು ಸಾವಿರ ಜನ ಬರುತ್ತಿದ್ದರೆ ಮುಚ್ಚುವುದೇಕೆ?

ಇಪ್ಪತ್ತು ಸಾವಿರ ಜನ ಫೈನಲ್‌ಗೆ ಬಂದರು. ನವೆಂಬರ್‌ನ ಮಂಗಳವಾರ ರಾತ್ರಿ ಬರುತ್ತಿರಲಿಲ್ಲ. ಋತುವಿಗೆ ಐವತ್ತರ ಆಸುಪಾಸು ಪಂದ್ಯ, ಅದರಲ್ಲಿ ಅರ್ಧ ವಿಮಾನ ಹತ್ತಿ ಹೋಗಿ ಆಡಬೇಕು. ಅಮೆರಿಕನ್ ಫುಟ್‌ಬಾಲ್, ಬೇಸ್‌ಬಾಲ್ ತಂಡಗಳನ್ನು ಸಾಕುವುದು ಟಿಕೆಟ್ ಹಣವಲ್ಲ, ಟಿ.ವಿ. ಹಣ, ಒಳಾಂಗಣ ಲೀಗ್‌ಗೆ ಆ ಪ್ರಮಾಣದ ಟಿ.ವಿ. ಒಪ್ಪಂದ ಎಂದೂ ಸಿಗಲಿಲ್ಲ. ಕಟ್ಟಡ ಬಾಡಿಗೆಯದು. ಆದರೆ ಸಂಬಳ ಮಾತ್ರ ತಾರೆಗಳದು. ಗೆಲ್ಲುತ್ತ ಹೋದಂತೆ ಆಟಗಾರರ ಬೆಲೆ ಏರುತ್ತದೆ, ಆಸನಗಳ ಸಂಖ್ಯೆ ಏರುವುದಿಲ್ಲ. ಸಾಕರ್ಸ್ ಕೂಡ ಹಣದ ಮುಗ್ಗಟ್ಟಿಗೆ ಸಿಕ್ಕಿ, ಬಿಯರ್ ವಿತರಣೆಯ ಉದ್ಯಮಿ ರಾನ್ ಫೌಲರ್ ಅವರ ಕೈಗೆ ಬಂತು.

ಇನ್ನೊಂದು ಸಂಗತಿಯನ್ನು ತಂಡದ ಅಭಿಮಾನಿಗಳು ಹೇಳುವುದಿಲ್ಲ, ನಾನು ಹೇಳುತ್ತೇನೆ. ಲೀಗ್ ಎಂದರೆ ಎದುರಾಳಿಗಳು. ನಿಮ್ಮ ಅಂಗಡಿ ಎಷ್ಟೇ ಚೆನ್ನಾಗಿ ನಡೆದರೂ ಪಕ್ಕದ ಅಂಗಡಿಗಳೆಲ್ಲ ಮುಚ್ಚಿದರೆ ಸಂತೆಯೇ ಇರುವುದಿಲ್ಲ. 1988ರ ಬೇಸಿಗೆಯನ್ನು ನೋಡಿ. ಸಾಕರ್ಸ್ ಫೈನಲ್‌ನಲ್ಲಿ ಕ್ಲೀವ್‌ಲ್ಯಾಂಡ್ ಫೋರ್ಸ್ ತಂಡವನ್ನು 4–0 ಪಂದ್ಯಗಳಿಂದ ಗುಡಿಸಿಹಾಕಿತು. ಕ್ಲೀವ್‌ಲ್ಯಾಂಡ್ ಸಣ್ಣ ತಂಡವಲ್ಲ. ಒಂದು ಕಾಲದಲ್ಲಿ ಅದೇ ಊರಿನ ಬ್ಯಾಸ್ಕೆಟ್‌ಬಾಲ್ ತಂಡಕ್ಕಿಂತ ಹೆಚ್ಚು ಜನರನ್ನು ಸೆಳೆದದ್ದು. ಅಂಥ ಫೋರ್ಸ್ ಜುಲೈನಲ್ಲಿ ಇರಲಿಲ್ಲ. ಗಿಳಿಯ ಮಿನೆಸೊಟಾ, ಶಿಕಾಗೊ ಸ್ಟಿಂಗ್, ಸೇಂಟ್ ಲೂಯಿಸ್ ಸ್ಟೀಮರ್ಸ್ ಕೂಡ ಅದೇ ವರ್ಷ ಹೋದವು. ಸಾಕರ್ಸ್ ಗೆಲ್ಲುತ್ತಲೇ ಇತ್ತು, ಸುತ್ತ ಅಂಗಳಗಳ ದೀಪ ಒಂದೊಂದಾಗಿ ಆರುತ್ತಲೇ ಇತ್ತು. 1992ರಲ್ಲಿ ಡಲ್ಲಾಸ್ ತಂಡವನ್ನು ಸೋಲಿಸಿ ಹತ್ತನೆಯ ಪ್ರಶಸ್ತಿ ಎತ್ತಿದರು. ಜುಲೈನಲ್ಲಿ ಲೀಗ್ ಮುಚ್ಚಿತು. ಗೆಲ್ಲಲು ಇನ್ನಾರೂ ಉಳಿದಿರಲಿಲ್ಲ.

ತಂಡ 1993ರಲ್ಲಿ ಬೇಸಿಗೆಯ ಲೀಗ್ ಒಂದನ್ನು ಸೇರಿ 1996ರವರೆಗೆ ಉಸಿರಾಡಿತು, ಆಮೇಲೆ ನಿಂತಿತು. ಇದು ಮೊದಲ ಸಾವು. 2001ರಲ್ಲಿ ಹೆಸರು ಮರಳಿ ಬಂತು, 2004ರ ಡಿಸೆಂಬರ್ ಕೊನೆಗೆ ಋತುವಿನ ನಡುವೆಯೇ ಮುಚ್ಚಿತು. ಇದು ಎರಡನೆಯದು. ಆ ವರ್ಷಗಳ ಬಗ್ಗೆ ಹೆಚ್ಚು ಹೇಳುವಂಥದ್ದಿಲ್ಲ.

ನಮ್ಮಲ್ಲೂ ಇದರ ಸಣ್ಣ ಆವೃತ್ತಿ ನಡೆದುಹೋಗಿದೆ. 2016ರಲ್ಲಿ ಪ್ರೀಮಿಯರ್ ಫುಟ್ಸಾಲ್ ಎಂದು ಲೀಗ್ ಬಂತು, ಬೆಂಗಳೂರು ತಂಡದ ಪರ ಪಾಲ್ ಸ್ಕೋಲ್ಸ್ ಆಡಿದರು, ಗೋವಾ ಪರ ರೊನಾಲ್ಡಿನೊ ಬೆಂಗಳೂರಿನ ಎದುರೇ ಐದು ಗೋಲು ಹೊಡೆದರು. ಎರಡು ಆವೃತ್ತಿ ನಡೆದು ಆ ಲೀಗ್ ಕಣ್ಮರೆಯಾಯಿತು. ತಾರೆಯನ್ನು ನೋಡಲು ಬಂದವನು ತಾರೆ ಹೋದ ಮೇಲೆ ಬರುವುದಿಲ್ಲ. ಹಲಸೂರಿನ ಗೌತಮಪುರದಲ್ಲಿ ಪೆಲೆಯ ಪ್ರತಿಮೆ ನಿಲ್ಲಿಸಿದ ಜನ ಅಂಥವರಲ್ಲ. ಆದರೆ ಅವರ ಓಣಿಯ ಪಂದ್ಯಗಳಿಗೆ ಟಿಕೆಟ್ಟೂ ಇಲ್ಲ, ಸಾಲವೂ ಇಲ್ಲ.

ನೀವು ನೋಡಿದ ಸಾಕರ್ಸ್ ಮೂರನೆಯ ಹುಟ್ಟಿನದು. 2009ರಲ್ಲಿ ಅದು ಶುರುವಾದದ್ದು ಡೆಲ್ ಮಾರ್‌ನಲ್ಲಿ, ಕುದುರೆ ಪ್ರದರ್ಶನದ ಅಂಗಳದಲ್ಲಿ. ತಾರೆಗಳ ಸಂಬಳ ಇಲ್ಲ, ಆ ಊರಿನ ಸುತ್ತಮುತ್ತಲ ಹುಡುಗರು, ಪುಟ್ಟ ಲೀಗ್. 2010ರಿಂದ 2013ರವರೆಗೆ ನಾಲ್ಕು ಪ್ರಶಸ್ತಿ, ನಡುವೆ ಸತತ 48 ಪಂದ್ಯಗಳ ಗೆಲುವು. ಈ 48ನ್ನು ನಾನು ಝುಂಗುಲ್ ಕಾಲದ ಗೆಲುವುಗಳ ತೂಕಕ್ಕೆ ಇಡಲಾರೆ. ಎದುರಾಳಿಗಳಲ್ಲಿ ಹಲವರು ಹಗಲಲ್ಲಿ ಬೇರೆ ಕೆಲಸ ಮಾಡಿ ಸಂಜೆ ಆಡಲು ಬರುವವರು. ಆದರೆ ಖರ್ಚು ಆದಾಯದೊಳಗೆ ಇತ್ತು, ಮತ್ತು ಎಂಬತ್ತರ ದಶಕದವರಿಗೆ ಸಾಧ್ಯವಾಗದ್ದು ಅದೇ. ಆಮೇಲೆ ತಂಡ ಹಿಂದೆ ಆಡುತ್ತಿದ್ದ ಸ್ಯಾನ್ ಡಿಯೇಗೊದ ಹಳೆಯ ಸ್ಪೋರ್ಟ್ಸ್ ಅರೇನಾಗೆ ಮರಳಿದರು. 2019ರಲ್ಲಿ ಅಮೆರಿಕದ ಹೆಸರಾಂತ ಆಟಗಾರ ಲ್ಯಾಂಡನ್ ಡೊನೊವನ್ ನಿವೃತ್ತಿಯಿಂದ ಎದ್ದು ಬಂದು ಕೆಲವು ಪಂದ್ಯ ಆಡಿದರು. 2021, 2022ರಲ್ಲಿ ಇನ್ನೆರಡು ಪ್ರಶಸ್ತಿ: ಹತ್ತು, ನಾಲ್ಕು, ಎರಡು, ಹೀಗೆ ನಿಮ್ಮ ಅಳಿಯ ಹೇಳಿದ ಹದಿನಾರು. 2024ರಿಂದ ಓಷನ್‌ಸೈಡ್‌ನ ಫ್ರಂಟ್‌ವೇವ್ ಅರೇನಾ ಅವರ ಮನೆ. ಹಳೆಯ ಕಟ್ಟಡದಲ್ಲಿ ಹನ್ನೆರಡು ಸಾವಿರಕ್ಕೂ ಹೆಚ್ಚು ಜನ ಕೂರಬಹುದಿತ್ತು, ಇದರಲ್ಲಿ ಸುಮಾರು ಏಳೂವರೆ ಸಾವಿರ. ಕಟ್ಟಡ ಚಿಕ್ಕದಾದದ್ದು ಇಳಿತವಲ್ಲ ಎಂದೇ ನನ್ನ ಅಭಿಪ್ರಾಯ. ನ್ಯೂಮನ್ ಅವರು ಮಾತ್ರ ಇದನ್ನು ನೋಡಲಿಲ್ಲ, 2018ರ ಆಗಸ್ಟ್‌ನಲ್ಲಿ ತೀರಿಕೊಂಡಿದ್ದರು.

ಮುಂದಿನ ಸಲ ಚಳಿಗಾಲಕ್ಕೆ ಹೋದರೆ ನಡುಗೆರೆಯ ಆಸನ ಕೊಳ್ಳಬೇಡಿ. ಮೂಲೆಯ ಬಳಿ, ಗಾಜಿಗೆ ಹತ್ತಿರ ಕುಳಿತುಕೊಳ್ಳಿ. ಆ ಮೂಲೆ ಚೌಕವಲ್ಲ, ದುಂಡಗೆ ಬಾಗಿದೆ. ಅಲ್ಲಿಗೆ ಹೊಡೆದ ಚೆಂಡು ಗೋಡೆಯನ್ನು ತಬ್ಬಿಕೊಂಡು ಸುತ್ತಿ ಗೋಲಿನ ಹಿಂಬದಿಯಿಂದ ಆಚೆ ಬರುತ್ತದೆ. ಆಗ ಚೆಂಡನ್ನು ನೋಡಬೇಡಿ. ಆಚೆ ಕಂಬದ ಬಳಿ ಅಲುಗಾಡದೆ ನಿಂತಿರುವವನನ್ನು ನೋಡಿ.